ಆರನೆಯ ಪಾಯಿಂಟಿನ ಅಕ್ಕೋರು

ಹೋದ ತಿಂಗಳು ನಮ್ಮ ಅಕ್ಕೋರು ನಿವೃತ್ತರಾದರು. ಬೀಳ್ಕೊಡುಗೆ ಸಮಾರಂಭದಲ್ಲಿ ಅವರಿಗೆ ಹೊದಿಸಿದ ಶಾಲು ಅಪ್ಪಟ ಪಾಲಿಸ್ಟರ್. ನಾನು ಗದಗಿನ ಪಕ್ಕದ ಬೆಟಗೇರಿ ನೇಕಾರರ ಮನೆಯವಳು, ಹಿಂದಿನ ಸಾಲಿನಲ್ಲಿ ಕೂತಿದ್ದರೂ ಅಷ್ಟು ಗೊತ್ತಾಗುತ್ತದೆ. ಹೊಟ್ಟೆ ಉರಿಯಿತು. ಭಾಷಣ ಮಾಡಿದವರೆಲ್ಲ ಅವರ ಶಿಸ್ತು, ಸಮಯಪಾಲನೆ, ಸಮಾಜ ವಿಜ್ಞಾನದ ಫಲಿತಾಂಶ ಎಂದು ಹೊಗಳಿದ್ದೇ ಹೊಗಳಿದ್ದು. ಸಮಯಪಾಲನೆಯಂತೆ! ತಮ್ಮ ಊರು ಶಿರಹಟ್ಟಿಯ ಬಸ್ಸು ಕೈಕೊಟ್ಟ ದಿನ ಅಕ್ಕೋರು ಅರ್ಧ ಪಿರಿಯಡ್ ಮುಗಿದ ಮೇಲೆ ಏದುಸಿರು ಬಿಡುತ್ತ ಬಂದು, ಕೊಡೆಯನ್ನು ಕಿಟಕಿ ಸರಳಿಗೆ ಸಿಗಿಸಿ, "ಎಲ್ಲೀತನಕ ಬಂದಿತ್ತಲೇ ಬ್ರಿಟಿಷರ ಸವಾರಿ?" ಎಂದು ಕೇಳುತ್ತಿದ್ದರು. ಆ ಪ್ರಶ್ನೆಗೇ ನಾವು ನಗುತ್ತಿದ್ದೆವು.

ನಮ್ಮ ಕಡೆ ಶಾಲೆಯ ಶಿಕ್ಷಕಿ ಎಂದರೆ ಅಕ್ಕೋರು. ಹೆಸರು ಹಿಡಿದು ಕರೆಯುವ ಪದ್ಧತಿ ಇಲ್ಲ, ಇಲ್ಲಿಯೂ ಬರೆಯುವುದಿಲ್ಲ. ಬರೆದರೆ ಫೋನು ಮಾಡಿ ಬೈಯುತ್ತಾರೆ. ಬೈಗುಳದಲ್ಲಿಯೂ ಅವರದೊಂದು ರೀತಿ. ಪಾಠ ಓದಿಕೊಂಡು ಬಾರದವರನ್ನು ಎದ್ದು ನಿಲ್ಲಿಸಿ, "ನೀ ಭಾಳ ಶಾಣ್ಯಾ ಇದ್ದೀ, ಅದಕ್ಕ ಇವತ್ತಿನಿಂದ ನೀನ ಪಾಠ ಹೇಳು, ನಾ ಕುಂಡ್ರತೀನಿ" ಎಂದು ನಿಜವಾಗಿಯೂ ನಮ್ಮ ಬೆಂಚಿನಲ್ಲಿ ಬಂದು ಕೂರುತ್ತಿದ್ದರು. ಕುಳ್ಳಗಿನ ಆಳು. ಬೆಂಚಿನಲ್ಲಿ ಕೂತರೆ ನಮ್ಮೊಳಗೊಬ್ಬರಾಗಿ ಬಿಡುತ್ತಿದ್ದರು. ಸೀರೆಯ ಸೆರಗಿನ ತುಂಬ ಸೀಮೆಸುಣ್ಣ. ಚೀಲದಲ್ಲಿ ಸದಾ ಹುರಿದ ಶೇಂಗಾ. ಸರಿಯಾದ ಉತ್ತರಕ್ಕೆ ಶೇಂಗಾ ಸಿಗುತ್ತಿರಲಿಲ್ಲ, ಸರಿಯಾದ ಪ್ರಶ್ನೆಗೆ ಸಿಗುತ್ತಿತ್ತು.

ನೇಕಾರರ ಓಣಿಯ ಮಕ್ಕಳು ಪಾಠ ಓದುವುದು ಗಂಟಲು ಹರಿದುಕೊಂಡು. ಮಗ್ಗದ ಸದ್ದಿನ ಮೇಲೆ ನಮ್ಮ ದನಿ ಏಳಬೇಕಲ್ಲ. ಅದರಿಂದಾಗಿ ಓಣಿಯ ಎಲ್ಲ ತಂದೆಯರಿಗೂ ಎಲ್ಲ ಪಾಠಗಳೂ ಅರ್ಧಂಬರ್ಧ ಬರುತ್ತಿದ್ದವು. ನಮ್ಮ ಮನೆಯ ನಡುಮನೆಯಲ್ಲೇ ಕುಣಿಮಗ್ಗ. ಅಪ್ಪ ಕುಣಿಯಲ್ಲಿ ಕಾಲು ಇಳಿಬಿಟ್ಟು ನೇಯುತ್ತಿದ್ದ. ಮೂಲೆಯಲ್ಲಿ ಅಪ್ಪನ ತಾಯಿ, ನಮ್ಮ ಆಯಿ, ರಾಟೆ ತಿರುಗಿಸುತ್ತ ಲಾಳಿಯೊಳಗಿಡುವ ನೂಲಿನ ಕಂಡಿಕೆ ಸುತ್ತುತ್ತಿದ್ದಳು. ನಾನು ಹತ್ತನೆಯ ಇಯತ್ತೆ. ಪ್ರಥಮ ದರ್ಜೆ ಬಂದರೆ ಕಾಲೇಜು, ಬಾರದಿದ್ದರೆ ಆಯಿಯ ರಾಟೆ ನನಗೆ ಎಂದು ಅಪ್ಪ ಮೊದಲೇ ಹೇಳಿಟ್ಟಿದ್ದ. ಕೆಟ್ಟ ಮನುಷ್ಯನೇನಲ್ಲ. ಆಯಿಯ ಕೈ ನಡುಗತೊಡಗಿತ್ತು, ಮನೆಯಲ್ಲಿ ಅವ್ವ ಇರಲಿಲ್ಲ, ಮಗ್ಗಕ್ಕೆ ಕಂಡಿಕೆ ಸುತ್ತುವವರು ಬೇಕಿತ್ತು.

ಒಂದು ಸಂಜೆ ನಾನು ಬ್ರಿಟಿಷ್ ಆಳ್ವಿಕೆಯ ಪರಿಣಾಮಗಳನ್ನು ಬಾಯಿಪಾಠ ಮಾಡುತ್ತಿದ್ದೆ. ಇಂಗ್ಲೆಂಡಿನ ಗಿರಣಿ ಬಟ್ಟೆ ಬಂದಿತು, ಕೈಮಗ್ಗಗಳು ನಾಶವಾದವು, ನೇಕಾರರು ನಿರ್ನಾಮವಾದರು. ಪಾಠದಿಂದ ನಾವು ಆರಿಸಿ ಬರೆದುಕೊಂಡ ಐದು ಪಾಯಿಂಟುಗಳಲ್ಲಿ ಅದು ಮೂರನೆಯದು. ನಿರ್ನಾಮವಾದರು, ನಿರ್ನಾಮವಾದರು ಎಂದು ರಾಗವಾಗಿ ಕೂಗುತ್ತಿರುವಾಗ ಮಗ್ಗ ನಿಂತಿತು.

"ಏನಂದಿ? ಇನ್ನೊಮ್ಮೆ ಓದು."

ಓದಿದೆ.

"ನಿರ್ನಾಮ ಅಂದ್ರ?"

"ಹೆಸರಿಲ್ಲದಂಗ ಹೋಗೂದು."

"ಹಂಗಾರ ನಾ ಯಾರಲೇ?"

ನನಗೆ ನಗು ಬಂತು. ಅಪ್ಪ ನಗಲಿಲ್ಲ. ಆ ರಾತ್ರಿ ಸರಿಯಾಗಿ ಊಟವನ್ನೂ ಮಾಡಲಿಲ್ಲ. ಊರಿನ ಮಂದಿ ಕೈಮಗ್ಗದ ಕಥೆ ಮುಗಿಯಿತು ಎಂದು ಹೇಳುವುದನ್ನು ಅವನು ದಿನಾ ಕೇಳುತ್ತಿದ್ದ, ಅದಕ್ಕೆ ಉತ್ತರ ಕೊಡುವುದು ಅವನಿಗೆ ಗೊತ್ತಿತ್ತು. ಸರಕಾರದ ಪುಸ್ತಕದಲ್ಲಿ, ಅದೂ ತನ್ನ ಮಗಳ ಬಾಯಿಂದ ಕೇಳಿದ್ದು ಅವನಿಗೆ ನುಂಗಲಾಗಲಿಲ್ಲ.

ಮರುದಿನ ನನ್ನ ಜೊತೆಗೇ ಶಾಲೆಗೆ ಬಂದ. ಅಂಗಿಯ ಮೇಲೆ ನೂಲಿನ ಜುಂಜು ಹಾಗೇ ಇತ್ತು. ಶಿಕ್ಷಕರ ಕೋಣೆಯ ಬಾಗಿಲಲ್ಲಿ ನಿಂತು, "ಅಕ್ಕೋರ, ನೀವ ಒಂದ ಮಾತು ಹೇಳಿಬಿಡ್ರಿ. ನಾ ಸತ್ತೀನೋ ಬದುಕೀನೋ?" ಎಂದು ಕೇಳಿದ. ಉಳಿದ ಮಾಸ್ತರರು ಬಾಯಿಗೆ ಕೈ ಅಡ್ಡ ಹಿಡಿದರು. ನನಗೆ ಭೂಮಿ ಬಾಯಿ ತೆರೆಯಬಾರದೇ ಅನ್ನಿಸಿತು.

ಅಕ್ಕೋರು ಎದ್ದು ತಮ್ಮ ಕುರ್ಚಿ ಕೊಟ್ಟರು. "ಬರ್ರಿ ಅಣ್ಣಾರ, ಕುಂಡ್ರಿ. ನೀವು ಕೇಳಿದ್ದು ಬರೋಬ್ಬರಿ ಐತಿ. ಪುಸ್ತಕ ಬರದವ್ರು ನಮ್ಮ ಬೆಟಗೇರಿಗೆ ಬಂದಿರಲಿಕ್ಕಿಲ್ಲ." ಅಪ್ಪನ ಮುಖ ಸ್ವಲ್ಪ ಅರಳಿತು. ಅಷ್ಟಕ್ಕೇ ಬಿಟ್ಟರೆ ಅವರು ನಮ್ಮ ಅಕ್ಕೋರು ಹೇಗಾಗುತ್ತಾರೆ? "ಆದ್ರ ನಾನೂ ಒಂದು ಕೇಳ್ತೀನಿ. ನಿಮ್ಮ ಮುತ್ತ್ಯಾನ ಮುತ್ತ್ಯಾ ನೇಯ್ತಿದ್ರಲ್ಲ, ಆ ನೂಲು ಎಲ್ಲಿಂದ ಬರ್ತಿತ್ತು?"

"ನೂಲೇನ್ರಿ, ಬರ್ತಿತ್ತು."

"ಅದ, ಎಲ್ಲಿಂದ?"

ಅಪ್ಪ ತಲೆ ಕೆರೆದುಕೊಂಡ. "ನಮ್ಮವ್ವನ್ನ ಕೇಳಬೇಕ್ರಿ."

"ಹಂಗಾರ ಸಂಜಿಗೆ ನಾನೂ ಬರ್ತೀನಿ. ಕೂಡೇ ಕೇಳೂಣು."

ಬಂದರು. ಊರಿಗೆ ಹೋಗುವ ಬಸ್ಸು ಬಿಟ್ಟು ಬಂದರು. ಆಯಿ ಚುರಮರಿ ಕಲಸಿ ಚಹಾ ಕೊಟ್ಟಳು. ಅಕ್ಕೋರು ಚಾಪೆಯ ಮೇಲೆ, ಆಯಿಯ ರಾಟೆಯ ಪಕ್ಕದಲ್ಲೇ ಕೂತರು. ಪ್ರಶ್ನೆ ಕೇಳಿದ ಮೇಲೆ ಆಯಿ ರಾಟೆ ನಿಲ್ಲಿಸಿ ಅವರ ಮುಖ ನೋಡಿದಳು. ಮರೆತಿದ್ದಕ್ಕಲ್ಲ, ಇದನ್ನೂ ಯಾರಾದರೂ ಕೇಳುತ್ತಾರೆಯೇ ಎಂಬ ಸೋಜಿಗಕ್ಕೆ.

"ರೈಲು ಬರೂಕಿಂತ ಮೊದಲ ನೂಲೆಲ್ಲ ಹೆಣ್ಮಕ್ಳ ಕೈಯಾಗಿತ್ರಿ. ಬಿಂಕದಕಟ್ಟಿ ಕಡೆಯಿಂದ ಸುದ್ದಾ ಹೆಣ್ಮಕ್ಳು ನೂತ ನೂಲು ಹೊತ್ತು ಸಂತಿಗೆ ಬರ್ತಿದ್ರಂತ. ಆ ರೊಕ್ಕಕ್ಕ ಗಂಡಸರು ಕೈ ಹಚ್ಚಂಗಿರಲಿಲ್ಲ. ಆಮ್ಯಾಲೆ ವಿಲಾಯತಿ ನೂಲು ಬಂತು. ಸಣ್ಣಂದು, ಜಲ್ದಿ ಹರೀಲಾರದ್ದು. ಗಂಡಸರಿಗೆ ಹಬ್ಬ ಆತು ನೋಡ್ರಿ! ಮಗ್ಗ ಏನೂ ನಿಂದರಲಿಲ್ಲ. ನಿಂತದ್ದು ನೂಲೋ ರಾಟಿ. ನಮ್ಮತ್ತಿಯ ಅತ್ತಿ ತನ್ನ ರಾಟಿ ಅಟ್ಟಕ್ಕ ಇಟ್ಟು, ಗಂಡನ ಲಾಳಿಗೆ ಕಂಡಿಕಿ ಸುತ್ತಾಕ ಕುಂತ್ಲಂತ. ಕುಂತಾಕಿ ಏಳಲಿಲ್ಲ. ನಾನೂ ಅದ ಜಾಗಾದಾಗ ಕುಂತೀನಿ."

ಅಪ್ಪ ಮಗ್ಗದ ಕಂಬಕ್ಕೆ ಒರಗಿ ಕೇಳುತ್ತಿದ್ದ. "ಇದನ್ನ ನನಗ್ಯಾಕ ಹೇಳಲಿಲ್ಲಬೇ?" ಎಂದ.

"ನೀ ಯಾವತ್ತು ಕೇಳಿದಿ?" ಎಂದಳು ಆಯಿ.

ನಾನು ಆಯಿಯ ರಾಟೆಯನ್ನು ನೋಡಿದೆ. ಪ್ರಥಮ ದರ್ಜೆ ಬಾರದಿದ್ದರೆ ನಾನು ಕೂರಬೇಕಾಗಿದ್ದ ಜಾಗ ಎಷ್ಟು ಹಳೆಯದು ಎಂದು ಆಗ ತಿಳಿಯಿತು.

ಅಕ್ಕೋರು ಮಾತ್ರ ಕಣ್ಣೀರು ಒರೆಸಿಕೊಂಡು ಅಷ್ಟಕ್ಕೇ ಬಿಡುವ ಪೈಕಿ ಅಲ್ಲ. "ಆಯಿ, ಇದು ನೀವು ಕಂಡದ್ದೋ ಕೇಳಿದ್ದೋ?" ಎಂದು ವಿಚಾರಿಸಿದರು.

"ಕೇಳಿದ್ದರಿ. ನಮ್ಮತ್ತಿ ಹೇಳತಿದ್ಲು."

"ಆತು. ಹಂಗಂದ್ರ ಕೇಳಿದ್ದು ಅಂತನ ಬರೀಬೇಕು," ಎಂದು ನನ್ನ ಕಡೆ ತಿರುಗಿ ಹೇಳಿದರು.

ಆರನೆಯ ಪಾಯಿಂಟು ಹುಟ್ಟಿದ್ದು ಮರುದಿನ. ಅಕ್ಕೋರು ಪುಸ್ತಕದ ಐದು ಪಾಯಿಂಟು ಹಲಗೆಯ ಮೇಲೆ ಬರೆದು, ಕೆಳಗೆ ಆರು ಎಂದು ಬರೆದು, ಮುಂದೆ ಖಾಲಿ ಬಿಟ್ಟರು. "ಐದು ಪರೀಕ್ಷಾಕ್ಕ. ಆರನೇದು ನಿಮಗ. ನಿಮ್ಮ ಮನ್ಯಾಗ ಹಿರ್ಯಾರ್ನ ಕೇಳಿ ಬರೀರಿ. ಅದಕ್ಕ ಮಾರ್ಕ್ಸ್ ಕೊಡೂದಿಲ್ಲ, ಕಡಿಮೀನೂ ಮಾಡೂದಿಲ್ಲ. ಒಂದ ಕರಾರು. ಯಾರು ಹೇಳಿದ್ರು ಅಂತ ಹೆಸರು, ಊರು ಬರೀಬೇಕು." ಆಮೇಲೆ ತಮ್ಮದನ್ನೇ ಮೊದಲು ಹೇಳಿದರು. "ನಮ್ಮದು ಹತ್ತಿ ವ್ಯಾಪಾರದ ಮನಿ. ನಮ್ಮ ಹಿರ್ಯಾರು ಹಳ್ಳಿಹಳ್ಳಿ ಹತ್ತಿ ಖರೀದಿ ಮಾಡಿ ಗದಗ ಸ್ಟೇಶನ್ನಿಗೆ ಗಾಡಿ ಹೊಡದ್ರು. ಅಲ್ಲಿಂದ ಅದು ವಿಲಾಯತಿ ಗಿರಣಿಗೆ ಹೋತು. ನಮ್ಮ ಮನಿ ಸಾಗವಾನಿ ಕಂಬ ಆ ಹತ್ತಿ ರೊಕ್ಕದಾಗ ಬಂದಾವು. ಹೇಳಿದವ್ರು ನಮ್ಮಪ್ಪ."

ಹಿಂದಿನಿಂದ ಒಬ್ಬ ಧೈರ್ಯ ಮಾಡಿ, "ಹಂಗಾರ ನೀವು ಬ್ರಿಟಿಷರ ಕಡೆಯವ್ರೇನ್ರಿ ಅಕ್ಕೋರ?" ಎಂದ.

"ವ್ಯಾಪಾರದವ್ರು ಯಾರ ಕಡೆ ಇರ್ತಾರಲೇ? ರೇಟಿನ ಕಡೆ," ಎಂದು ನಕ್ಕು ಅವನಿಗೆ ಮುಷ್ಟಿ ತುಂಬ ಶೇಂಗಾ ಕೊಟ್ಟರು.

ಅಂದಿನಿಂದ ನಮಗೆಲ್ಲ ಹುಚ್ಚು ಹಿಡಿಯಿತು. ಅಡರಕಟ್ಟಿಯ ಒಬ್ಬಳು ತನ್ನ ಮುತ್ತಜ್ಜ ರೈಲು ಹಳಿಗೆ ಮಣ್ಣು ಹೊತ್ತವನೆಂದೂ, ಜೀವಮಾನದಲ್ಲಿ ಒಮ್ಮೆಯೂ ರೈಲು ಹತ್ತಲಿಲ್ಲವೆಂದೂ ಬರೆದಳು. ನಮ್ಮ ಓಣಿಯ ಹುಡುಗನೊಬ್ಬ ಬ್ರಿಟಿಷರು ತನ್ನ ಹಿರಿಯರ ಹೆಬ್ಬೆರಳು ಕತ್ತರಿಸಿದರು ಎಂದು ರಕ್ತ ಸುರಿಸಿ ಬರೆದ. ಅಕ್ಕೋರು ಕೇಳಿದರು, "ಯಾರು ಹೇಳಿದ್ರು?"

"ಎಲ್ಲಾರೂ ಹೇಳ್ತಾರ್ರಿ."

"ಎಲ್ಲಾರೂ ಅನ್ನಾವ್ರ ಮನಿ ಯಾವ ಓಣ್ಯಾಗೈತಿ? ತೋರಸು, ಹೋಗಿ ಕೇಳಿ ಬರ್ತೀನಿ." ಹುಡುಗ ತಲೆ ತಗ್ಗಿಸಿದ. ಅಕ್ಕೋರು ದನಿ ಇಳಿಸಿ, "ಅವರು ಮಾಡಿದ್ದ ಬೇಕಾದಷ್ಟೈತಿ ತಮ್ಮಾ. ನಮಗ ಗೊತ್ತಿಲ್ಲದ್ದನ್ನ ಯಾಕ ಸೇರಸ್ತಿ? ನಾಳೆ ಖರೇದನ್ನೂ ಯಾರೂ ನಂಬೂದಿಲ್ಲ," ಎಂದರು.

ಪುಸ್ತಕವನ್ನು ಅವರು ಹೀಯಾಳಿಸಿದ್ದನ್ನು ನಾನು ಕೇಳಿಲ್ಲ. ನಾವೇ ಒಮ್ಮೆ ಹುರುಪಿನಲ್ಲಿ ಪುಸ್ತಕ ಸುಳ್ಳು ಎಂದಾಗ ರೇಗಿದರು. "ಇಡೀ ರಾಜ್ಯಕ್ಕ ಒಂದ ಅಳತಿ ಅಂಗಿ ಹೊಲದಾರ. ಎಲ್ಲಾರ ಮೈಗೂ ಸರಿ ಕುಂಡ್ರಂಗಿಲ್ಲ. ಅದಕ್ಕ ಅಂಗಿ ಹರದು ಒಗಿತೀರೇನು? ಕಡಿಮಿ ಬಿದ್ದಲ್ಲಿ ಅರಿವಿ ಹಚ್ಚಿಕೋರಿ." ಈಗ ನಾನೂ ಮುಂಡರಗಿಯಲ್ಲಿ ಸಮಾಜ ವಿಜ್ಞಾನ ಹೇಳುತ್ತೇನೆ. ಪುಸ್ತಕ ಬದಲಾಗಿದೆ, ಮತ್ತೆ ಬದಲಾಗುತ್ತದೆ. ಪ್ರತಿ ಸಲ ಯಾರದೋ ಹೆಸರು ಒಳಗೆ ಬರುತ್ತದೆ, ಯಾರದೋ ಹೊರಗೆ ಹೋಗುತ್ತದೆ, ಪೇಪರಿನಲ್ಲಿ ಜಗಳವಾಗುತ್ತದೆ. ಕೊರ್ಲಹಳ್ಳಿಯಿಂದ ಬರುವ ನನ್ನ ಮಕ್ಕಳು ಮಾತ್ರ ಹೊಳೆದಂಡೆಯ ಮನೆಗಳಿಂದ ಏನೇನೋ ಕೇಳಿಕೊಂಡು ಬರುತ್ತಾರೆ. ನಾನು ಜಗಳ ಓದುವುದನ್ನು ಬಿಟ್ಟು ಅವರ ಮಾತು ಕೇಳುತ್ತೇನೆ.

ನನ್ನ ಪರೀಕ್ಷೆಗೆ ಬರುತ್ತೇನೆ. ಪಾಲಕರ ಸಭೆಯಲ್ಲಿ ಈ ಆರನೆಯದರಿಂದ ಸಮಯ ಹಾಳು ಎಂದು ಗುಲ್ಲೆದ್ದಿತು. ಸೋಜಿಗವೆಂದರೆ ನನ್ನ ಅಪ್ಪನೂ ಹೌದೆಂದ. ಮಗಳ ಕಾಲೇಜಿನ ಪ್ರಶ್ನೆ ಬಂದಾಗ ಅವನಿಗೆ ನಿರ್ನಾಮವಾಗುವುದೂ ಒಪ್ಪಿಗೆಯಿತ್ತು. ಅಕ್ಕೋರು ನಮಗೆ ಹೇಳಿದ್ದಿಷ್ಟೇ: "ಬೋರ್ಡ್ ಪರೀಕ್ಷಾದಾಗ ಬರೀರಿ ಅಂತ ನಾ ಹೇಳಂಗಿಲ್ಲ, ಬರೀಬ್ಯಾಡ್ರಿ ಅಂತನೂ ಹೇಳಂಗಿಲ್ಲ. ಆದ್ರ ಉತ್ತರಪತ್ರಿಕಿ ಒಳಗ ಯಾರ ಹೆಸರೂ, ಊರೂ ಬರೀಬಾರದು. ಗುರುತು ಬಿಟ್ಟಾರ ಅಂತ ರಿಸಲ್ಟ್ ತಡೀತಾರ. ನೆನಪಿರ್ಲಿ."

ನೆನಪಿತ್ತು. ಪರೀಕ್ಷೆಯಲ್ಲಿ ಅದೇ ಪ್ರಶ್ನೆ ಬಂತು. ಐದು ಬರೆದೆ. ಸಮಯ ಉಳಿದಿತ್ತು. ಆಯಿ ಕೂತ ಜಾಗ ಕಣ್ಣ ಮುಂದೆ ಬಂತು, ಆರನೆಯದನ್ನೂ ಬರೆದೆ. ವಿಲಾಯತಿ ನೂಲು ಬಂದ ಮೇಲೆ ನಮ್ಮ ಊರಿನಲ್ಲಿ ಮಗ್ಗ ನಿಲ್ಲಲಿಲ್ಲ, ನೂಲುವ ಹೆಣ್ಣುಮಕ್ಕಳ ಕೆಲಸ ಹೋಯಿತು, ಅವರ ಹೆಸರು ಯಾರಿಗೂ ಗೊತ್ತಿಲ್ಲ, ಎಂದು. ವರ್ಷವಿಡೀ ಮಾಡಿದ ರೂಢಿ. ಕೈ ತಾನೇ ಮುಂದುವರಿದು, ಹೇಳಿದವರು ನನ್ನ ಆಯಿ ಬನವ್ವ, ಬೆಟಗೇರಿ, ಎಂದು ಬರೆದು ಕೆಳಗೆ ಗೆರೆಯನ್ನೂ ಎಳೆಯಿತು. ಗಂಟೆ ಬಾರಿಸಿದರು, ಪತ್ರಿಕೆ ಕೊಟ್ಟೆ. ಶಾಲೆಯ ಗೇಟಿನ ಹತ್ತಿರ ಬಂದಾಗ ಹೊಳೆಯಿತು. ಹೆಸರು, ಊರು ಎರಡನ್ನೂ ಬರೆದುಬಿಟ್ಟಿದ್ದೆ!

ಬಸ್ ನಿಲ್ದಾಣಕ್ಕೆ ಓಡಿದೆ. ಅಕ್ಕೋರು ಶಿರಹಟ್ಟಿ ಬಸ್ಸಿನ ಮೆಟ್ಟಿಲ ಮೇಲೆ ಒಂದು ಕಾಲಿಟ್ಟಿದ್ದರು. ನಾನು ಅಳುತ್ತ ಹೇಳಿದ್ದನ್ನು ಕೇಳಿ ಇಳಿದರು. ಬೆಂಚಿನ ಮೇಲೆ ಕೂತರು.

"ನಿನ್ನ ಕೈಗೆ ಆ ರೂಢಿ ಹಾಕಿದಾಕಿ ನಾನು. ನಡಿ, ಮನಿಗೆ ಹೋಗೂಣು."

ಮನೆಯಲ್ಲಿ ಆಯಿ ಇರಲಿಲ್ಲ, ಓಣಿಯಾಚೆ ಯಾರದೋ ಮನೆಗೆ ಹೋಗಿದ್ದಳು. ಅಕ್ಕೋರು ನಿಂತುಕೊಂಡೇ ಅಪ್ಪನಿಗೆ ಎಲ್ಲ ಹೇಳಿದರು. ಅಪ್ಪ ಸಿಡಿದೆದ್ದ. "ಐದ ಬರಸಿದ್ರ ನಿಮ್ಮ ಗಂಟೇನು ಹೋಗತಿತ್ರಿ? ನನ್ನ ಮಗಳ ಜೀವನ ಹಾಳಾತಲ್ರಿ!" ಅಕ್ಕೋರು ಎದುರಾಡಲಿಲ್ಲ. "ಬೈರಿ ಅಣ್ಣಾರ, ನನಗ ಬೈರಿ. ಹುಡುಗಿಗೆ ಮಾತ್ರ ಒಂದ ಮಾತು ಅನಬ್ಯಾಡ್ರಿ. ರಿಸಲ್ಟ್ ತಡದ್ರ ಬೋರ್ಡಿಗೆ ನಾ ಹೋಗ್ತೀನಿ. ತಪ್ಪು ನಂದು ಅಂತ ಬರದು ಕೊಡ್ತೀನಿ." ಹಾಗೆ ಬರೆದುಕೊಟ್ಟರೆ ಅವರ ನೌಕರಿಗೆ ಏನಾಗಬಹುದು ಎಂಬುದು ಅಪ್ಪನಿಗೂ ತಿಳಿಯುತ್ತಿತ್ತು. ಅವನು ಹೋಗಿ ಕುಣಿಯಲ್ಲಿ ಕೂತ. ಆಯಿಗೆ ಹೇಳುವುದು ಬೇಡವೆಂದು ಮೂವರೂ ತೀರ್ಮಾನಿಸಿದೆವು. ತನ್ನ ಹೆಸರಿನಿಂದ ಮೊಮ್ಮಗಳಿಗೆ ಕಂಟಕ ಬಂತೆಂದು ತಿಳಿದರೆ ಆ ಜೀವ ತಡೆಯುತ್ತಿರಲಿಲ್ಲ.

ಆ ಬೇಸಿಗೆ ನಾನು ಕಂಡಿಕೆ ಸುತ್ತಿದೆ. ರಾಟೆ ತಿರುಗಿದಂತೆಲ್ಲ ಇದೇ ಕಾಯಂ ಆದರೆ ಎಂಬುದೊಂದೇ ಯೋಚನೆ. ಸುಡು ಬಿಸಿಲಿನಲ್ಲಿ ಆಗಾಗ ಅಕ್ಕೋರು ಬಾಗಿಲಲ್ಲಿ ಕಾಣಿಸಿಕೊಳ್ಳುತ್ತಿದ್ದರು. "ಗದಗಿನ್ಯಾಗ ಸಣ್ಣ ಕೆಲಸ ಇತ್ತು" ಎನ್ನುವುದು ನೆಪ. ರಜೆಯಲ್ಲಿ ಯಾವ ಕೆಲಸ! ಅವರೂ ನಿದ್ದೆಗೆಟ್ಟಿದ್ದರೆಂಬುದು ಕಣ್ಣಿನಲ್ಲಿ ಕಾಣುತ್ತಿತ್ತು. ಅಪ್ಪ ಮಾತಾಡುತ್ತಿರಲಿಲ್ಲ, ಆದರೆ ನೀರು ಕೊಡಲು ನನಗೆ ಸನ್ನೆ ಮಾಡುತ್ತಿದ್ದ.

ಫಲಿತಾಂಶ ಬಂತು. ಯಾರೂ ತಡೆದಿರಲಿಲ್ಲ. ಪ್ರಥಮ ದರ್ಜೆ! ಅಪ್ಪ ಪೇಢೆಯ ಪೊಟ್ಟಣ ಹಿಡಿದು ಶಾಲೆಗೆ ಹೋಗಿ, ಅಕ್ಕೋರ ಎದುರು ಕೈಮುಗಿದು ನಿಂತ. ಅಂಗಿಯ ತೋಳಿನಿಂದ ಕಣ್ಣು ಒರೆಸಿಕೊಂಡ. "ಅಣ್ಣಾರ, ನಾ ಮೊದಲ ಅಳಬುರಕಿ, ನೀವು ಅಳಬ್ಯಾಡ್ರಿ," ಎಂದು ಅಕ್ಕೋರೇ ಅತ್ತರು.

ಅಲ್ಲಿಗೆ ಬಿಡಬಹುದಿತ್ತು. ಅವರು ಬಿಡಲಿಲ್ಲ. ನನ್ನಿಂದ ಅರ್ಜಿ ಹಾಕಿಸಿ ಆ ಉತ್ತರಪತ್ರಿಕೆಯ ನಕಲು ತರಿಸಿದರು. ಯಾಕೆಂದು ಅಪ್ಪ ಕೇಳಿದ್ದಕ್ಕೆ, "ನಮ್ಮ ಐದಾರು ಸಾಲು ಯಾರೋ ಓದ್ಯಾರ. ಓದಿದವ್ರು ಏನ ಮಾಡಿದ್ರು ನೋಡಬೇಕಲ್ರಿ," ಎಂದರು. ನಕಲು ಬಂದ ದಿನ ತಾವೇ ಮನೆಗೆ ಬಂದು, ಎಲ್ಲರನ್ನೂ ಕೂರಿಸಿ, ಆ ಪುಟ ಬಿಡಿಸಿದರು.

ಐದು ಪಾಯಿಂಟಿನ ಪಕ್ಕದಲ್ಲಿ ಅಂಕಗಳಿದ್ದವು. ಆರನೆಯದರ ಪಕ್ಕದಲ್ಲಿ ಅಂಕವಿರಲಿಲ್ಲ. ಆದರೆ ಬನವ್ವ ಎಂದು ಬರೆದಲ್ಲಿ ಒಂದು ರೈಟ್ ಗುರುತಿತ್ತು. ಉಳಿದ ಐದಕ್ಕೆ ಹಾಕಿದ್ದಕ್ಕಿಂತ ದೊಡ್ಡದು, ಸಾವಕಾಶವಾಗಿ ಎಳೆದದ್ದು.

ಅಕ್ಕೋರು ಇಡೀ ಉತ್ತರವನ್ನು ಆಯಿಗೆ ಓದಿ ಹೇಳಿದರು. ತನ್ನ ಹೆಸರು ಬಂದಾಗ ಆಯಿ ಸೆರಗು ಸರಿಮಾಡಿಕೊಂಡಳು.

"ನನ್ನ ಹೆಸರು? ಸರಕಾರದ ಕಾಗದದಾಗ?"

"ಹೂನ್ರಿ ಆಯಿ."

ಆಯಿ ಕಾಗದವನ್ನು ಹತ್ತಿರ ಹಿಡಿದು, ಆ ಗುರುತಿನ ಮೇಲೆ ಬೆರಳಿಟ್ಟಳು. "ಇದೇನ್ರಿ ಅಕ್ಕೋರ, ಸೊಟ್ಟ ಗೆರಿ?"

"ಖರೆ ಐತಿ ಅಂತ ಹಾಕ್ಯಾರ್ರಿ."

"ಯಾರು ಹಾಕ್ಯಾರು?"

"ಅದು ನಮಗ ಗೊತ್ತಾಗಂಗಿಲ್ಲ. ಯಾವ ಊರಿನವ್ರೋ, ಏನೋ."

ಆಯಿ ಕಾಗದವನ್ನು ಮಡಚಿ ನನ್ನ ಕೈಗಿಟ್ಟು ಹೇಳಿದಳು:

"ಯಾರರ ಇರ್ಲಿ, ಹೆಣ್ಮಗಳ ಇರಬೇಕು ಬಿಡ್ರಿ."